ಕ್ಯಾಮೆರಾ ಹಿಡಿದವರ ಪಾಲು, ಕತ್ತರಿ ಹಿಡಿದವರ ಪಾಲು

ಕೋಲ್ಕತ್ತದ ದಕ್ಷಿಣದಲ್ಲಿ, ಬಾಲಿಗಂಜ್‌ನ ರೈಲು ಹಳಿಗಳನ್ನು ಬಿಜನ್ ಸೇತುವಿನ ಮೇಲಿಂದ ದಾಟಿ ಪೂರ್ವಕ್ಕೆ ಇಳಿದರೆ ಸಿಗುವ ಬಡಾವಣೆ ಕಸ್ಬಾ. ಅದರ ನೈಋತ್ಯಕ್ಕೆ ಟಾಲಿಗಂಜ್ ಇದೆ. ಬಂಗಾಳಿ ಚಿತ್ರೋದ್ಯಮದ ಹಳೆಯ ಸ್ಟುಡಿಯೋಗಳು, ತಂತ್ರಜ್ಞರ ಸಂಘಗಳು ಇರುವುದು ಅಲ್ಲಿ. ಕಸ್ಬಾದ ಪೂರ್ವದಂಚನ್ನು ಹಾದು ಹೋಗುವ ಬೈಪಾಸ್ ರಸ್ತೆಯಲ್ಲಿ ದಕ್ಷಿಣಕ್ಕೆ ಸಾಗಿದರೆ ಪಂಚಸಾಯರ್ ಬಳಿ ಸತ್ಯಜಿತ್ ರಾಯ್ ಚಲನಚಿತ್ರ ಮತ್ತು ಟೆಲಿವಿಷನ್ ಸಂಸ್ಥೆ ಇದೆ. ಕೇಂದ್ರ ಸರ್ಕಾರ 1995ರಲ್ಲಿ ಅದನ್ನು ಸ್ಥಾಪಿಸಿತು. ಛಾಯಾಗ್ರಹಣ, ಸಂಕಲನ, ಧ್ವನಿ, ನಿರ್ದೇಶನ ಕಲಿತ ಯುವಕ ಯುವತಿಯರು ಅಲ್ಲಿಂದ ಹೊರಬರುತ್ತಾರೆ. ಒಂದು ಕಡೆ ದಿನಗೂಲಿಯ ಲೆಕ್ಕ ಖಚಿತವಾಗಿರುವ ಉದ್ಯಮ, ಇನ್ನೊಂದು ಕಡೆ ಕಲೆ ಕಲಿಸುವ ಶಾಲೆ. ಇವೆರಡರ ನಡುವೆ, ಯಾವ ಸ್ಟುಡಿಯೋಗೂ ಸೇರದೆ, ಒಂದು ಚಿತ್ರದಿಂದ ಇನ್ನೊಂದಕ್ಕೆ ನಡೆಯುತ್ತಾ ಬದುಕುವ ಸ್ವತಂತ್ರ ಛಾಯಾಗ್ರಾಹಕರು ಮತ್ತು ಸಂಕಲನಕಾರರು ಇದ್ದಾರೆ. ಇಂದಿನ ಮಾತು ಅವರನ್ನು ಕುರಿತದ್ದು. ಸ್ವತಂತ್ರ ಚಿತ್ರದಲ್ಲಿ ಇವರಿಬ್ಬರೂ ಕೂಲಿಗೆ ಬಂದ ಕೆಲಸಗಾರರಲ್ಲ, ಕೃತಿಯ ಜೊತೆ ಕರ್ತೃಗಳು. ಆದ್ದರಿಂದ ಸಂಬಳ ಮುಗಿದ ಮೇಲೂ ಆ ಕೃತಿಯಲ್ಲಿ ಇವರಿಗೆ ಪಾಲು ಇರಬೇಕು. ನಾನು ಹೇಳಬೇಕೆಂದಿರುವುದು ಇಷ್ಟನ್ನೇ. ಅದಕ್ಕೆ ಆಧಾರವೇನು ಎಂಬುದನ್ನು ಬಂಗಾಳದಿಂದಲೂ ನಮ್ಮ ಕನ್ನಡದಿಂದಲೂ ತೆಗೆದು ನಿಮ್ಮ ಮುಂದಿಡುತ್ತೇನೆ.

ಮೊದಲ ಸಾಕ್ಷಿ ಸುಬ್ರತ ಮಿತ್ರ. 1952ರಲ್ಲಿ ಸತ್ಯಜಿತ್ ರಾಯ್ ‘ಪಥೇರ್ ಪಾಂಚಾಲಿ’ಯ ಚಿತ್ರೀಕರಣ ಆರಂಭಿಸಿದಾಗ ಮಿತ್ರರಿಗೆ ಇಪ್ಪತ್ತೆರಡರ ಆಸುಪಾಸು. ಅದುವರೆಗೆ ಅವರು ಸಿನೆಮಾ ಕ್ಯಾಮೆರಾ ನಡೆಸಿದವರಲ್ಲ. ಫ್ರಾನ್ಸಿನ ಜ್ಯಾಂ ರೆನ್ವಾ ‘ದಿ ರಿವರ್’ ತೆಗೆಯಲು ಬಂಗಾಳಕ್ಕೆ ಬಂದಿದ್ದಾಗ ಪಕ್ಕದಲ್ಲಿ ನಿಂತು ನೋಡಿದ್ದೇ ಅವರ ದೊಡ್ಡ ಪಾಠಶಾಲೆ. ಹಣ ಮುಗಿದು ಚಿತ್ರ ತಿಂಗಳುಗಟ್ಟಲೆ ನಿಂತಿತು, ಕೊನೆಗೆ ಪಶ್ಚಿಮ ಬಂಗಾಳ ಸರ್ಕಾರದ ಹಣದಿಂದ ಮುಗಿಯಿತು. ಈ ಕತೆ ಎಲ್ಲರಿಗೂ ಗೊತ್ತು. ಆಮೇಲೆ ನಡೆದದ್ದು ಅಷ್ಟು ಪ್ರಚಾರ ಪಡೆಯಲಿಲ್ಲ. 1956ರ ‘ಅಪರಾಜಿತೊ’ ಚಿತ್ರಕ್ಕೆ ಬನಾರಸ್‌ನ ಮನೆಯೊಂದರ ಅಂಗಳ ಬೇಕಾಗಿತ್ತು. ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತ ಅದನ್ನು ಸ್ಟುಡಿಯೋದೊಳಗೆ ಕಟ್ಟಿದರು. ಆದರೆ ಅಂತಹ ಅಂಗಳಕ್ಕೆ ಬೆಳಕು ಬೀಳುವುದು ಮೇಲಿನ ತೆರೆದ ಆಕಾಶದಿಂದ. ಅದು ಎಲ್ಲ ಕಡೆಯಿಂದಲೂ ಹರಡಿ ಬರುವ, ಗಾಢವಾದ ನೆರಳು ಬೀಳಿಸದ ಬೆಳಕು. ಸ್ಟುಡಿಯೋ ದೀಪಗಳನ್ನು ನೇರವಾಗಿ ಬಿಟ್ಟರೆ ಒಬ್ಬೊಬ್ಬ ಪಾತ್ರಧಾರಿಯ ಹಿಂದೆಯೂ ಹಲವು ನೆರಳುಗಳು ನಿಲ್ಲುತ್ತವೆ, ನೋಡಿದವರಿಗೆ ಸುಳ್ಳು ತಕ್ಷಣ ಗೊತ್ತಾಗುತ್ತದೆ. ಮಿತ್ರ ಅಂಗಳದ ಮೇಲೆ ಬಿಳಿಯ ಬಟ್ಟೆ ಬಿಗಿದರು, ದೀಪಗಳನ್ನು ಕೆಳಗಿನಿಂದ ಆ ಬಟ್ಟೆಗೆ ತಿರುಗಿಸಿದರು. ಬಟ್ಟೆಗೆ ಬಡಿದು ಮರಳಿ ಇಳಿದ ಬೆಳಕು ಆಕಾಶದ ಬೆಳಕಿನಂತಾಯಿತು. ಇಂದು ಜಗತ್ತಿನ ಎಲ್ಲ ಛಾಯಾಗ್ರಾಹಕರೂ ಬೌನ್ಸ್ ಲೈಟಿಂಗ್ ಎಂದು ಬಳಸುವ ವಿಧಾನ ಇದು. ಇದೇ ಬಗೆಯ ಬೆಳಕಿಗೆ ಹೆಸರಾದ ಸ್ವೀಡನ್ನಿನ ಸ್ವೆನ್ ನ್ಯೂಕ್ವಿಸ್ಟ್‌ಗಿಂತ ಹಲವು ವರ್ಷ ಮೊದಲೇ ಅದು ಕೋಲ್ಕತ್ತದಲ್ಲಿ ಆಗಿತ್ತು. ‘ಅಪರಾಜಿತೊ’ದ ತಾಯಿ ಸರ್ವಜಯಾಳ ಒಂಟಿತನ ನಮ್ಮನ್ನು ತಟ್ಟುವುದು ಕಥೆಯಿಂದ ಮಾತ್ರವಲ್ಲ, ಆ ಮನೆಯನ್ನು ನಾವು ನಂಬುವುದರಿಂದ. ನಂಬುವಂತೆ ಮಾಡಿದ ಬೆಳಕು ನಿರ್ದೇಶಕರ ಚಿತ್ರಕಥೆಯಲ್ಲಿ ಬರೆದಿಟ್ಟದ್ದಲ್ಲ. ಇಂತಹ ಕೆಲಸಕ್ಕೆ ತಾಂತ್ರಿಕ ನೆರವು ಎಂಬ ಹೆಸರು ಸಾಲದು.

ಸಂಕಲನದ ಕಡೆಗೆ ಬಂದರೆ ಸಾಕ್ಷಿ ಇನ್ನೂ ಮೌನವಾದದ್ದು, ಏಕೆಂದರೆ ಒಳ್ಳೆಯ ಸಂಕಲನ ಕಣ್ಣಿಗೆ ಬೀಳುವುದಿಲ್ಲ. ದುಲಾಲ್ ದತ್ತ ‘ಪಥೇರ್ ಪಾಂಚಾಲಿ’ಯಿಂದ 1991ರ ‘ಆಗಂತುಕ್’ವರೆಗೆ ರಾಯ್ ಅವರ ಕಥಾಚಿತ್ರಗಳನ್ನು ಸಂಕಲಿಸಿದರು. 1955ರ ಮೇ ತಿಂಗಳಲ್ಲಿ ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯದಲ್ಲಿ ಮೊದಲ ಪ್ರದರ್ಶನ ನಿಗದಿಯಾಗಿದ್ದರಿಂದ ಕೊನೆಯ ದಿನಗಳಲ್ಲಿ ಸಂಕಲನ ಹಗಲು ರಾತ್ರಿ ಎನ್ನದೆ ನಡೆಯಿತು. ಮೂರು ವರ್ಷಗಳಲ್ಲಿ ಬಿಟ್ಟು ಬಿಟ್ಟು ತೆಗೆದ ತುಣುಕುಗಳು, ನಡುವೆ ಬೆಳೆದುಬಿಡಬಹುದಾಗಿದ್ದ ಮಕ್ಕಳು, ಬದಲಾದ ಋತುಗಳು. ಇವೆಲ್ಲವೂ ಒಂದೇ ಬಾಲ್ಯದ ಒಂದೇ ಹರಿವಾಗಿ ಕಾಣುವುದು ಸಂಕಲನದ ಮೇಜಿನ ಮೇಲೆ. ಇತ್ತೀಚಿನ ಉದಾಹರಣೆ ಬೇಕಾದರೆ 2021ರಲ್ಲಿ ಕಾನ್ ಉತ್ಸವದಲ್ಲಿ ಅತ್ಯುತ್ತಮ ಸಾಕ್ಷ್ಯಚಿತ್ರದ ಪ್ರಶಸ್ತಿ ಪಡೆದ, ಪಾಯಲ್ ಕಪಾಡಿಯಾ ನಿರ್ದೇಶನದ ‘ಎ ನೈಟ್ ಆಫ್ ನೋಯಿಂಗ್ ನಥಿಂಗ್’ ನೋಡಿ. ಅದರ ಛಾಯಾಗ್ರಹಣವೂ ಸಂಕಲನವೂ ರಣಬೀರ್ ದಾಸ್ ಅವರದು. ತಾವು ತೆಗೆದ ದೃಶ್ಯಗಳು, ಗೆಳೆಯರು ತೆಗೆದವು, ಮನೆಮನೆಗಳ ಹಳೆಯ ರೀಲುಗಳು, ವಿದ್ಯಾರ್ಥಿ ಚಳವಳಿಯ ತುಣುಕುಗಳು, ಇವೆಲ್ಲ ಒಬ್ಬ ಹುಡುಗಿಯ ಪತ್ರಗಳ ಸುತ್ತ ಹೆಣೆದುಕೊಂಡಿವೆ. ಇಂತಹ ಚಿತ್ರಕ್ಕೆ ಮೊದಲೇ ಬರೆದಿಟ್ಟ ಚಿತ್ರಕಥೆ ಇರುವುದು ಸಾಧ್ಯವೇ ಇಲ್ಲ. ಅದು ಬರೆಯಲ್ಪಟ್ಟದ್ದೇ ಸಂಕಲನದಲ್ಲಿ. ಯಾವ ಮುಖ ಯಾವ ಮಾತಿನ ಮೇಲೆ ನಿಲ್ಲಬೇಕು, ಎಲ್ಲಿ ಧ್ವನಿ ಕಡಿದು ಬರಿ ಕತ್ತಲೆ ಉಳಿಯಬೇಕು ಎಂದು ನಿರ್ಧರಿಸುವವರು ಬರಹಗಾರರಲ್ಲವೆಂದರೆ ಮತ್ತೆ ಬರಹಗಾರರು ಯಾರು?

ಕನ್ನಡಕ್ಕೆ ಬರೋಣ. ನಮ್ಮ ಹೊಸ ಅಲೆಯ ಚಿತ್ರಗಳ ಬಗ್ಗೆ ಮಾತನಾಡುವಾಗ ಸಾಹಿತಿಗಳ ಹೆಸರು ಬರುತ್ತದೆ, ನಿರ್ದೇಶಕರ ಹೆಸರು ಬರುತ್ತದೆ, ಅಲ್ಲಿಗೆ ಮಾತು ನಿಲ್ಲುತ್ತದೆ. 1970ರ ‘ಸಂಸ್ಕಾರ’ ಅನಂತಮೂರ್ತಿಯವರ ಕಾದಂಬರಿ, ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ, ಗಿರೀಶ ಕಾರ್ನಾಡರ ಪ್ರಾಣೇಶಾಚಾರ್ಯ. ಅಗ್ರಹಾರದ ಕಿರಿದಾದ ಬೀದಿಯನ್ನು, ಹೆಣ ಮಲಗಿದ ಮನೆಯ ಮೇಲೆ ಸುತ್ತುವ ಹದ್ದುಗಳನ್ನು ಅಷ್ಟು ಬಿರುಸಾಗಿ ಕಂಡ ಕಣ್ಣು ಆಸ್ಟ್ರೇಲಿಯಾದ ಟಾಮ್ ಕೋವನ್ ಅವರದು. ಸಂಕಲನದಲ್ಲಿ ಸ್ಟೀವನ್ ಕಾರ್ಟಾ ಅವರ ಕೈಯಿತ್ತು. 1973ರ ‘ಕಾಡು’ ಗೋವಿಂದ ನಿಹಲಾನಿಯವರ ಛಾಯಾಗ್ರಹಣ. 1978ರ ‘ಒಂದಾನೊಂದು ಕಾಲದಲ್ಲಿ’ ಒಡಿಶಾದ ಎ.ಕೆ. ಬೀರ್ ಅವರದು. ಹೊರಗಿನವರು ಬಂದು ತೆಗೆದರು ಎಂದು ದೂರಲು ಇದನ್ನು ಹೇಳುತ್ತಿಲ್ಲ. ಸ್ವತಂತ್ರ ಛಾಯಾಗ್ರಾಹಕರ ಬದುಕೇ ಭಾಷೆಯ ಗಡಿ ದಾಟುವ ಬದುಕು. ಕೋವನ್ ಅವರಿಗೆ ಸಹಾಯಕರಾಗಿ ಕೆಲಸ ಕಲಿತವರು ಎಸ್. ರಾಮಚಂದ್ರ ಐತಾಳರು. ಮುಂದೆ ‘ಚೋಮನ ದುಡಿ’, ‘ಋಷ್ಯಶೃಂಗ’, ‘ಘಟಶ್ರಾದ್ಧ’ಗಳನ್ನು ತೆಗೆದವರೂ, ಶಂಕರ್‌ನಾಗ್ ಅವರ ‘ಮಾಲ್ಗುಡಿ ಡೇಸ್’ಗೆ ಆಗುಂಬೆಯ ಬೆಳಕನ್ನು ತುಂಬಿದವರೂ ಇವರೇ. ‘ಋಷ್ಯಶೃಂಗ’ಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು. ಚೋಮನ ಗುಡಿಸಲಿನ ಒಳಗತ್ತಲು, ‘ಘಟಶ್ರಾದ್ಧ’ದ ಯಮುನಕ್ಕನನ್ನು ನುಂಗುವ ಮಲೆನಾಡ ಹಸಿರಿನ ಕಪ್ಪುಬಿಳುಪು, ಇವನ್ನು ತೆಗೆದುಬಿಟ್ಟರೆ ನಮ್ಮ ಹೊಸ ಅಲೆಯಲ್ಲಿ ಸಂಭಾಷಣೆಗಳು ಮಾತ್ರ ಉಳಿಯುತ್ತವೆ.

ಇದಕ್ಕೂ ಹಿಂದಿನ ಒಂದು ಸಂಗತಿಯನ್ನು ನಾವು ಹೆಮ್ಮೆಯಿಂದ ನೆನೆಯಬೇಕು. ಪುಣೆಯಲ್ಲಿ ಕೇಂದ್ರದ ಚಲನಚಿತ್ರ ಸಂಸ್ಥೆ ಹುಟ್ಟಿದ್ದು 1960ರಲ್ಲಿ. ಅದಕ್ಕೂ ಬಹಳ ಮೊದಲು, 1940ರ ದಶಕದಲ್ಲಿಯೇ, ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ವೃತ್ತಿ ಶಿಕ್ಷಣ ಸಂಸ್ಥೆಯಲ್ಲಿ, ಅಂದರೆ ನಾವೆಲ್ಲ ಎಸ್‌ಜೆಪಿ ಎಂದು ಕರೆಯುವ ಪಾಲಿಟೆಕ್ನಿಕ್‌ನಲ್ಲಿ, ಛಾಯಾಗ್ರಹಣದ ಡಿಪ್ಲೊಮಾ ಕಲಿಸುತ್ತಿದ್ದರು. ಮೈಸೂರಿನ ವಿ.ಕೆ. ಮೂರ್ತಿ ಅಲ್ಲಿ ಕಲಿತು ಮುಂಬಯಿಗೆ ಹೋದರು. ಗುರುದತ್ತರ ‘ಪ್ಯಾಸಾ’ ಮತ್ತು 1959ರ ‘ಕಾಗಜ್ ಕೆ ಫೂಲ್’ ಚಿತ್ರಗಳ ಬೆಳಕು ಅವರದು. ಸ್ಟುಡಿಯೋದ ಕತ್ತಲನ್ನು ಸೀಳಿ ಇಳಿಯುವ ಆ ಪ್ರಸಿದ್ಧ ಬೆಳಕಿನ ಕಂಬವನ್ನು ಅವರು ಕನ್ನಡಿಗಳಿಂದ ಬಿಸಿಲನ್ನು ಒಳಗೆ ತಿರುಗಿಸಿ ತಂದರು. 2008ರ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಅವರಿಗೆ ಬಂದಾಗ, ಆ ಗೌರವ ಪಡೆದ ಮೊದಲ ಛಾಯಾಗ್ರಾಹಕರು ಅವರೇ. ನಿಹಲಾನಿಯವರೂ ಎಸ್‌ಜೆಪಿಯಲ್ಲೇ ಓದಿ 1962ರಲ್ಲಿ ಹೊರಬಂದವರು, ಮೂರ್ತಿಯವರ ಸಹಾಯಕರಾಗಿದ್ದವರು. ಹಾಗೆ ಬೆಂಗಳೂರಿನಲ್ಲಿ ಕಲಿತ ಕಣ್ಣೇ ‘ಕಾಡು’ವಿನ ಮೂಲಕ ಕನ್ನಡಕ್ಕೆ ಮರಳಿತು. ಸಾರ್ವಜನಿಕ ಹಣದಲ್ಲಿ ನಡೆದ ಒಂದು ಶಾಲೆ ದೇಶಕ್ಕೆ ಏನು ಕೊಡಬಲ್ಲದು ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಪುರಾವೆ ಬೇಡ. ಸುಬ್ರತ ಮಿತ್ರರೂ ತಮ್ಮ ಕೊನೆಯ ವರ್ಷಗಳಲ್ಲಿ, 2001ರಲ್ಲಿ ತೀರಿಕೊಳ್ಳುವವರೆಗೆ, ಕೋಲ್ಕತ್ತದ ಬೈಪಾಸ್ ರಸ್ತೆಯ ಸತ್ಯಜಿತ್ ರಾಯ್ ಸಂಸ್ಥೆಯಲ್ಲಿ ಛಾಯಾಗ್ರಹಣ ಕಲಿಸಿದರು.

ಇಷ್ಟೆಲ್ಲ ಕಲಿತು ಹೊರಬಂದವರ ಸ್ಥಿತಿ ಹೇಗಿರುತ್ತದೆ? ಸ್ವತಂತ್ರ ಚಿತ್ರದಲ್ಲಿ ಸಂಭಾವನೆ ಕಡಿಮೆ. ಅದು ಸಹಜ, ಬಂಡವಾಳವೇ ಕಡಿಮೆ. ಕಡಿಮೆ ದುಡ್ಡಿಗೆ ಒಪ್ಪುವವರು ಆ ಚಿತ್ರದ ಮೇಲಿನ ನಂಬಿಕೆಯಿಂದ ಒಪ್ಪುತ್ತಾರೆ. ಛಾಯಾಗ್ರಾಹಕರ ಕೆಲಸ ಕೆಲವು ವಾರಗಳದ್ದು, ಆಮೇಲೆ ಬಣ್ಣ ತಿದ್ದುವ ಹಂತದಲ್ಲಿ ಮತ್ತೆ ಕೂರಬೇಕು. ಸಂಕಲನಕಾರರದು ತಿಂಗಳುಗಳ ಕೆಲಸ. ಸಾಕ್ಷ್ಯಚಿತ್ರವಾದರೆ ವರ್ಷವೇ ಹಿಡಿಯಬಹುದು. ಊಟದ ಖರ್ಚಿಗೆ ನಡುವೆ ಜಾಹೀರಾತು, ಮದುವೆ ವಿಡಿಯೊ, ಕಂಪನಿಗಳ ಪ್ರಚಾರ ಚಿತ್ರ ಮಾಡುತ್ತಾರೆ. ಚಿತ್ರ ಉತ್ಸವಕ್ಕೆ ಹೋದರೆ ಆಹ್ವಾನ ನಿರ್ದೇಶಕರಿಗೆ. ಓಟಿಟಿಗೆ ಮಾರಾಟವಾದರೆ ಹಣ ನಿರ್ಮಾಪಕರಿಗೆ. ಕಾನೂನು ಇದನ್ನು ಗಟ್ಟಿ ಮಾಡಿದೆ. 1957ರ ನಮ್ಮ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಸ್ಥಿರಚಿತ್ರದ ಕರ್ತೃ ಅದನ್ನು ತೆಗೆದ ಛಾಯಾಗ್ರಾಹಕ. ಸಿನೆಮಾದ ಕರ್ತೃ ಮಾತ್ರ ನಿರ್ಮಾಪಕ. ಅದೇ ವ್ಯಕ್ತಿ ಅದೇ ಬೆಳಕಿನಲ್ಲಿ ಒಂದು ಚಿತ್ರ ಕ್ಲಿಕ್ಕಿಸಿದರೆ ಕರ್ತೃವಾಗುತ್ತಾರೆ, ಸೆಕೆಂಡಿಗೆ 24 ಚಿತ್ರಗಳಂತೆ ಎರಡು ಗಂಟೆ ತೆಗೆದರೆ ಕಾನೂನಿನ ಕಣ್ಣಿಗೆ ಕಾಣುವುದಿಲ್ಲ. 2012ರ ತಿದ್ದುಪಡಿ ಗೀತರಚನಕಾರರಿಗೂ ಸಂಗೀತ ಸಂಯೋಜಕರಿಗೂ ಬರೆದುಕೊಟ್ಟರೂ ಹೋಗದ ರಾಯಧನದ ಹಕ್ಕು ಕೊಟ್ಟಿತು, ಕಲಾವಿದರ ಹಕ್ಕನ್ನೂ ಬಲಪಡಿಸಿತು. ಒಳ್ಳೆಯ ಕೆಲಸ. ಕ್ಯಾಮೆರಾ ಮತ್ತು ಸಂಕಲನದವರು ಮಾತ್ರ ಹೊರಗೇ ಉಳಿದರು. ನಿರ್ದೇಶಕರನ್ನು ಜೊತೆ ಕರ್ತೃವೆಂದು ಒಪ್ಪುವ ಪ್ರಸ್ತಾವ ಆಗಿನ ಮಸೂದೆಯಲ್ಲಿತ್ತು, ಅದೂ ಬಿದ್ದುಹೋಯಿತು. ಇಂದು ಭಾರತದಲ್ಲಿ ನಿರ್ದೇಶಕರೂ ಕಾನೂನಿನ ಲೆಕ್ಕದಲ್ಲಿ ಸಿನೆಮಾದ ಕರ್ತೃವಲ್ಲ ಎಂಬುದನ್ನು ಅವರೂ ನೆನಪಿಡುವುದು ಒಳ್ಳೆಯದು. ಬೇರೆ ದಾರಿ ಇಲ್ಲವೆಂದಲ್ಲ. ಪೋಲೆಂಡಿನ ಕಾಯ್ದೆ ಛಾಯಾಗ್ರಾಹಕರನ್ನು ಚಿತ್ರದ ಸಹಕರ್ತೃಗಳ ಪಟ್ಟಿಯಲ್ಲಿ ಹೆಸರಿಸಿಯೇ ಸೇರಿಸಿದೆ. ಜರ್ಮನಿಯಲ್ಲಿ ‘ದಾಸ್ ಬೂಟ್’ ಚಿತ್ರದ ಛಾಯಾಗ್ರಾಹಕ ಯೋಸ್ಟ್ ವಕಾನೊ, ಚಿತ್ರ ಗಳಿಸಿದ್ದಕ್ಕೆ ತಕ್ಕ ಹೆಚ್ಚುವರಿ ಸಂಭಾವನೆ ಬೇಕೆಂದು ವರ್ಷಗಟ್ಟಲೆ ಮೊಕದ್ದಮೆ ನಡೆಸಿದರು, ಅವರಿಗೆ ಆ ಹಕ್ಕಿದೆ ಎಂದು ನ್ಯಾಯಾಲಯಗಳು ಒಪ್ಪಿದವು.

ಇಲ್ಲಿ ಮೊದಲ ಆಕ್ಷೇಪ ಏಳುತ್ತದೆ: ಸಿನೆಮಾ ನಿರ್ದೇಶಕರ ಮಾಧ್ಯಮ, ದರ್ಶನ ಅವರದು, ಉಳಿದವರು ಅದನ್ನು ಈಡೇರಿಸುವವರು. ಈ ವಾದಕ್ಕೆ ರಾಯ್ ಅವರನ್ನೇ ಸಾಕ್ಷಿಯಾಗಿ ಕರೆಯುತ್ತಾರೆ. 1964ರ ‘ಚಾರುಲತಾ’ದಿಂದ ಅವರು ಕ್ಯಾಮೆರಾವನ್ನು ತಾವೇ ನಡೆಸತೊಡಗಿದರು, ಸಂಗೀತವನ್ನೂ ತಾವೇ ಮಾಡುತ್ತಿದ್ದರು, 1966ರ ‘ನಾಯಕ್’ ಆದಮೇಲೆ ಮಿತ್ರ ಅವರೊಂದಿಗೆ ಕೆಲಸ ಮಾಡಲಿಲ್ಲ, ಆದರೂ ರಾಯ್ ದೊಡ್ಡ ಚಿತ್ರಗಳನ್ನೇ ಮಾಡಿದರು. ಮಾತು ನಿಜ. ಆದರೆ ಕ್ಯಾಮೆರಾ ನಡೆಸುವುದು ಬೇರೆ, ಬೆಳಕು ಕಟ್ಟುವುದು ಬೇರೆ. ಚೌಕಟ್ಟನ್ನು ರಾಯ್ ಹಿಡಿದಾಗಲೂ ಆ ಚೌಕಟ್ಟಿನೊಳಗೆ ಏನು ಕಾಣಬೇಕು, ಎಷ್ಟು ಕಾಣಬೇಕು ಎಂದು ಬೆಳಕಿನಿಂದ ಬರೆಯಲು ಸೌಮೇಂದು ರಾಯ್ ಎಂಬ ಇನ್ನೊಬ್ಬ ದೊಡ್ಡ ಛಾಯಾಗ್ರಾಹಕರು ಬೇಕಾದರು. ಭಾರತದಲ್ಲಿ ಒಬ್ಬ ನಿರ್ದೇಶಕ ಎಲ್ಲವನ್ನೂ ತಾನೇ ಮಾಡುವುದಕ್ಕೆ ಅತ್ಯಂತ ಹತ್ತಿರ ಬಂದದ್ದು ರಾಯ್. ಅವರಿಗೇ ಛಾಯಾಗ್ರಾಹಕರೂ ದುಲಾಲ್ ದತ್ತರೂ ಬೇಕಾದರು ಎಂದರೆ ಉಳಿದವರ ಮಾತೇನು? ದರ್ಶನ ನಿರ್ದೇಶಕರದು ಎಂದು ಒಪ್ಪಿಕೊಂಡರೂ ವಾದ ನಿಲ್ಲುವುದಿಲ್ಲ. ಹಾಡಿನ ಸಂದರ್ಭ ನಿರ್ದೇಶಕರು ಹೇಳಿದ್ದೇ ಆದರೂ ಹಾಡು ಬರೆದವರನ್ನು ನಾವು ಕವಿ ಎಂದೇ ಒಪ್ಪಿ ರಾಯಧನ ಕೊಡುತ್ತೇವೆ.

ಎರಡನೆಯ ಆಕ್ಷೇಪ ಹೊಸ ಕಾಲದ್ದು. ಕ್ಯಾಮೆರಾ ಅಗ್ಗವಾಗಿದೆ, ಫೋನಿನಲ್ಲೇ ಸಿನೆಮಾ ತೆಗೆಯಬಹುದು, ಲ್ಯಾಪ್‌ಟಾಪಿನಲ್ಲಿ ಎಡಿಟ್ ಮಾಡಬಹುದು. ಇಷ್ಟೊಂದು ಜನ ಮಾಡುವ ಕೆಲಸಕ್ಕೆ ಯಾಕಿಷ್ಟು ಮನ್ನಣೆ ಎನ್ನುತ್ತಾರೆ. ಪೆನ್ನು ಅಗ್ಗವಾದ ಕಾಲದಲ್ಲಿ ಎಲ್ಲರೂ ಕುವೆಂಪು ಆಗಲಿಲ್ಲ. ಉಪಕರಣ ಅಗ್ಗವಾದಷ್ಟೂ ಕಣ್ಣಿನ ಬೆಲೆ ಹೆಚ್ಚುತ್ತದೆ, ಏಕೆಂದರೆ ಈಗ ಎಲ್ಲ ಚಿತ್ರಗಳೂ ಚೊಕ್ಕಟವಾಗಿಯೇ ಕಾಣುತ್ತವೆ, ಬೇರೆಯಾಗಿ ಕಾಣುವವು ಕೆಲವು ಮಾತ್ರ. 2014ರ ಬಂಗಾಳಿ ಚಿತ್ರ ‘ಆಶಾ ಜಾವಾರ್ ಮಾಝೆ’ ನೋಡಿ: ಕೋಲ್ಕತ್ತದಲ್ಲಿ ಹಗಲು ಪಾಳಿಯ ಹೆಂಡತಿ, ರಾತ್ರಿ ಪಾಳಿಯ ಗಂಡ, ಚಿತ್ರದಲ್ಲಿ ಸಂಭಾಷಣೆಯೇ ಇಲ್ಲ. ಒಣಗುವ ಬಟ್ಟೆ, ಬಾಣಲೆಯ ಎಣ್ಣೆ, ಟ್ರಾಮಿನ ತಂತಿ, ಇವುಗಳ ಮೇಲೆ ಕ್ಯಾಮೆರಾ ಎಷ್ಟು ಹೊತ್ತು ನಿಲ್ಲುತ್ತದೆ ಎಂಬುದೇ ಅಲ್ಲಿ ಪ್ರೀತಿಯ ಅಳತೆ. ನಿರ್ದೇಶಕ ಆದಿತ್ಯ ವಿಕ್ರಮ್ ಸೇನ್‌ಗುಪ್ತ ಛಾಯಾಗ್ರಹಣವನ್ನು ಮಹೇಂದ್ರ ಶೆಟ್ಟಿಯವರ ಜೊತೆ ಹಂಚಿಕೊಂಡರು, ಸಂಕಲನ ತಾವೇ ಮಾಡಿದರು. ನಮ್ಮಲ್ಲಿ ನಟೇಶ್ ಹೆಗಡೆಯವರ ‘ಪೆಡ್ರೊ’ದಲ್ಲಿ ಉತ್ತರ ಕನ್ನಡದ ಮಳೆ ಮತ್ತು ಮಬ್ಬು, ಪಾತ್ರಗಳಷ್ಟೇ ಭಾರವಾಗಿ ಬರುವುದು ವಿಕಾಸ್ ಅರಸ್ ಅವರ ಛಾಯಾಗ್ರಹಣದಿಂದ. 2025ರಲ್ಲಿ ಬರ್ಲಿನ್ ಉತ್ಸವದಲ್ಲಿ ಎರಡು ಚಿತ್ರಗಳು ಒಟ್ಟಿಗೆ ಕಂಡವು: ಹೆಗಡೆ ಮತ್ತು ಅರಸ್ ಜೋಡಿಯ ಕನ್ನಡದ ‘ವಾಘಾಚಿಪಾಣಿ’, ಮತ್ತು ಬಂಗಾಳದ ಬ್ಯಾರಕ್‌ಪುರದಲ್ಲಿ ನಡೆಯುವ ‘ಬಾಕ್ಸೊ ಬಂದಿ’. ಎರಡನೆಯದನ್ನು ಒಟ್ಟಾಗಿ ನಿರ್ದೇಶಿಸಿದವರು ವೃತ್ತಿಯಿಂದ ಸಂಕಲನಕಾರ್ತಿಯಾದ ತನುಶ್ರೀ ದಾಸ್ ಮತ್ತು ಛಾಯಾಗ್ರಾಹಕರಾದ ಸೌಮ್ಯಾನಂದ ಸಾಹಿ. ಇತರರ ಚಿತ್ರಗಳಿಗೆ ದುಡಿದ ಒಬ್ಬ ಸಂಕಲನಕಾರ್ತಿ, ಒಬ್ಬ ಛಾಯಾಗ್ರಾಹಕ ಸೇರಿದರೆ ಒಂದು ಪೂರ್ಣ ಚಿತ್ರವಾಗುತ್ತದೆ ಎಂಬುದು ನನ್ನ ವಾದಕ್ಕೆ ಸಿಕ್ಕ ಅತ್ಯಂತ ನೇರವಾದ ಸಾಕ್ಷಿ.

ಮೂರನೆಯ ಆಕ್ಷೇಪ ಗಂಭೀರವಾದದ್ದು. ಬಡ ಚಿತ್ರದ ಮೇಲೆ ಇನ್ನಷ್ಟು ಹೊರೆ ಹಾಕಿದರೆ ಅದು ಹುಟ್ಟುವುದೇ ಇಲ್ಲವಲ್ಲ? ಟಾಲಿಗಂಜ್‌ನ ಅನುಭವವನ್ನು ಇದಕ್ಕೆ ಉದಾಹರಿಸುತ್ತಾರೆ. ಒಂದು ಚಿತ್ರಕ್ಕೆ ಇಷ್ಟು ಜನ ತಂತ್ರಜ್ಞರನ್ನು ತೆಗೆದುಕೊಳ್ಳಲೇಬೇಕು ಎಂಬ ಒತ್ತಡ ಅಲ್ಲಿನ ಸಣ್ಣ ನಿರ್ಮಾಪಕರ ಹಳೆಯ ದೂರು; 2024ರ ಜುಲೈಯಲ್ಲಿ ನಿರ್ದೇಶಕರಿಗೂ ತಂತ್ರಜ್ಞರ ಒಕ್ಕೂಟಕ್ಕೂ ತಕರಾರಾಗಿ ಚಿತ್ರೀಕರಣವೇ ನಿಂತುಹೋಗಿತ್ತು. ಸಂಘಗಳನ್ನು ನಾನು ಹಳಿಯಲಾರೆ. ದೀಪ ಹೊರುವವರ, ಟ್ರಾಲಿ ತಳ್ಳುವವರ ಮನೆಯ ಒಲೆ ಉರಿಯುವುದಕ್ಕೆ ಅವು ಬೇಕು. ಆದರೆ ಐದಾರು ಜನ ಸೇರಿ ಮಾಡುವ ಚಿತ್ರಕ್ಕೆ ದೊಡ್ಡ ಉದ್ಯಮದ ನಿಯಮ ಹೊಂದುವುದಿಲ್ಲ ಎಂಬುದೂ ಅಷ್ಟೇ ಸತ್ಯ. ನಾನು ಹೇಳುವ ಪಾಲು ಈ ಇಕ್ಕಟ್ಟಿನಿಂದ ಹೊರಬರುವ ದಾರಿ. ದಿನಗೂಲಿ ಹೆಚ್ಚಿಸಿದರೆ ಚಿತ್ರ ಆರಂಭವಾಗುವ ಮೊದಲೇ ಹಣ ಬೇಕು. ಗಳಿಕೆಯಲ್ಲಿ ಪಾಲು ಕೊಟ್ಟರೆ ಗಳಿಕೆ ಬಂದಮೇಲೆ ಮಾತ್ರ ಹಣ ಹೋಗುತ್ತದೆ. ಏನೂ ಬರದಿದ್ದರೆ ಏನೂ ಕೊಡಬೇಕಿಲ್ಲ. ಕಡಿಮೆ ಸಂಭಾವನೆಗೆ ಒಪ್ಪಿ ನಷ್ಟವನ್ನು ಈಗಾಗಲೇ ಹಂಚಿಕೊಂಡವರಿಗೆ ಲಾಭದಲ್ಲಿ ಪಾಲು ಇಲ್ಲವೆನ್ನುವುದು ಯಾವ ಹಳ್ಳಿಯ ಕೂಡುಬೇಸಾಯದಲ್ಲೂ ನಡೆಯದ ಅನ್ಯಾಯ. ಹಾಗಾದರೆ ಧ್ವನಿಗ್ರಾಹಕರಿಗೆ, ಕಲಾ ನಿರ್ದೇಶಕರಿಗೆ ಯಾಕಿಲ್ಲ ಎಂದು ಯಾರಾದರೂ ಕೇಳಿದರೆ, ಅವರ ವಾದವನ್ನು ನಾನು ತಳ್ಳಿಹಾಕುವುದಿಲ್ಲ. ಬನ್ಸಿ ಚಂದ್ರಗುಪ್ತರ ಅಂಗಳವಿಲ್ಲದೆ ಮಿತ್ರರ ಬೆಳಕಿಗೆ ಬೀಳಲು ಜಾಗವಿರಲಿಲ್ಲ. ಎಲ್ಲಿಂದಾದರೂ ಆರಂಭವಾಗಬೇಕು, ಅಷ್ಟೆ.

ಪಾಲು ಹಣದ್ದು ಮಾತ್ರವೂ ಅಲ್ಲ. 2024ರಲ್ಲಿ ‘ಘಟಶ್ರಾದ್ಧ’ದ ಪುನರುಜ್ಜೀವಿತ ಪ್ರತಿ ವೆನಿಸ್ ಉತ್ಸವದಲ್ಲಿ ಪ್ರದರ್ಶನವಾಯಿತು. ನಿರ್ದೇಶಕ ಗಿರೀಶ ಕಾಸರವಳ್ಳಿಯವರು ನಮ್ಮೊಂದಿಗಿದ್ದಾರೆ. ಛಾಯಾಗ್ರಾಹಕ ರಾಮಚಂದ್ರ 2011ರಲ್ಲೇ ತೀರಿಕೊಂಡಿದ್ದರು. ಹಳೆಯ ನೆಗೆಟಿವ್‌ನಿಂದ ಹೊಸ ಪ್ರತಿ ತೆಗೆಯುವಾಗ ಪ್ರತಿ ದೃಶ್ಯಕ್ಕೂ ಕತ್ತಲೆ ಎಷ್ಟು, ಬೆಳಕು ಎಷ್ಟು ಎಂದು ನಿರ್ಧರಿಸಬೇಕಾಗುತ್ತದೆ. ಅದನ್ನು ಹೇಳಬಲ್ಲ ಮೊದಲ ವ್ಯಕ್ತಿ ಆ ಬೆಳಕನ್ನು ಕಟ್ಟಿದವರು. ಕರ್ತೃವೆಂದು ಒಪ್ಪಿದ ಕಡೆ ಅವರ ಟಿಪ್ಪಣಿಗಳು, ಅವರ ಮಾತುಗಳು ಅವರು ಬದುಕಿರುವಾಗಲೇ ದಾಖಲಾಗುತ್ತವೆ. ಕೂಲಿಯವರೆಂದು ಬಗೆದ ಕಡೆ ಅವರೊಂದಿಗೇ ಹೋಗಿಬಿಡುತ್ತವೆ.

ಕೇಂದ್ರದ ಕಾಯ್ದೆ ತಿದ್ದುಪಡಿಯಾಗಲು ಕಾಲ ಹಿಡಿಯುತ್ತದೆ. ಕರ್ನಾಟಕ ಅದಕ್ಕಾಗಿ ಕಾಯಬೇಕಾಗಿಲ್ಲ. ನಮ್ಮ ರಾಜ್ಯ ಸರ್ಕಾರ ಗುಣಮಟ್ಟದ ಕನ್ನಡ ಚಿತ್ರಗಳಿಗೆ ಸಹಾಯಧನ ಕೊಡುತ್ತದೆ. ಆ ಹಣ ನಿರ್ಮಾಪಕರ ಕೈ ಸೇರುತ್ತದೆ. ಅರ್ಜಿಯ ಜೊತೆಗೆ ಛಾಯಾಗ್ರಾಹಕರು ಮತ್ತು ಸಂಕಲನಕಾರರೊಂದಿಗಿನ ಲಿಖಿತ ಕರಾರು ಇರಬೇಕು, ಅದರಲ್ಲಿ ಮುಂದಿನ ಮಾರಾಟದ ಪಾಲು ನಮೂದಾಗಿರಬೇಕು, ಒಪ್ಪಿದ ಸಂಭಾವನೆ ಪಾವತಿಯಾದ ದಾಖಲೆ ಇರಬೇಕು ಎಂಬ ಷರತ್ತನ್ನು ಸರ್ಕಾರ ಸೇರಿಸಬಹುದು. ಅದಕ್ಕೆ ಹೊಸ ಬಜೆಟ್ ಬೇಡ. ಎಸ್‌ಜೆಪಿಯಲ್ಲಿ ಹುಟ್ಟಿ ಹೆಸರಘಟ್ಟಕ್ಕೆ ಹೋದ ಸರ್ಕಾರಿ ಚಲನಚಿತ್ರ ಸಂಸ್ಥೆಗೆ, ವಿ.ಕೆ. ಮೂರ್ತಿಯವರ ಪರಂಪರೆಗೆ ತಕ್ಕ ಅಧ್ಯಾಪಕರನ್ನೂ ಉಪಕರಣಗಳನ್ನೂ ಕೊಡಲು ಬಜೆಟ್ ಬೇಕು, ಅದನ್ನೂ ಕೊಡಬೇಕು. ಕೇಳುಗರಾದ ನಿಮ್ಮಲ್ಲಿಯೂ ಒಂದು ಕೋರಿಕೆ ಇದೆ: ಮುಂದೆ ಕನ್ನಡ ಚಿತ್ರವೊಂದು ನಿಮಗೆ ಇಷ್ಟವಾದರೆ, ಅದರ ಬಗ್ಗೆ ಮನೆಯಲ್ಲಿ ಮಾತನಾಡುವಾಗ, ಪತ್ರಿಕೆಗೆ ಬರೆಯುವಾಗ, ನಿರ್ದೇಶಕರ ಹೆಸರಿನ ಜೊತೆಗೆ ಕ್ಯಾಮೆರಾ ಹಿಡಿದವರ ಹೆಸರನ್ನೂ ಸಂಕಲನ ಮಾಡಿದವರ ಹೆಸರನ್ನೂ ಕೇಳಿ ತಿಳಿದು ಹೇಳಿ.